ನಾಲ್ಕು ನೆಲಮಾಳಿಗೆ, ಒಂದು ಕಂಬ

ರೋಶ್-ಪೆರೀನ್ ಗ್ರಾಮದ ಚರಿತ್ರೆ ಬರೆಯುವವರು ಇಂಗ್ಲಿಷರು ಊರು ಸುಟ್ಟದ್ದನ್ನೂ, ಪ್ಲೇಗನ್ನೂ, ಮಹಾಕ್ರಾಂತಿಯನ್ನೂ, ಮೂರು ಸಲ ಬಂದುಹೋದ ಜರ್ಮನರನ್ನೂ ಹೇಳಿ ಮುಗಿಸಿದ ಮೇಲೆ, ಅಷ್ಟೇ ಗಾಂಭೀರ್ಯದಿಂದ ಇನ್ನೊಂದು ಸಂಗತಿಯನ್ನು ದಾಖಲಿಸಬೇಕಾಗುತ್ತದೆ: ಜೂನ್ ತಿಂಗಳ ಒಂದು ಸೋಮವಾರ ಬೆಳಿಗ್ಗೆ ಚರ್ಚಿನ ಗೋಪುರದ ತುದಿಯ ತಗಡಿನ ಹುಂಜ ಎಡಕ್ಕೆ ವಾಲಿತ್ತು.

ಹೆಚ್ಚೇನೂ ಇಲ್ಲ, ಕೆಳಗೆ ನಿಂತು ನೋಡಿದರೆ ಎರಡು ಬೆರಳಿನಷ್ಟು. ಗಾಳಿ ಬಂದತ್ತ ತಿರುಗುವುದು ಹುಂಜದ ಕೆಲಸ. ವಾಲುವುದು ಅದರ ಕೆಲಸವಲ್ಲ. ಮೊದಲು ನೋಡಿದವಳು ಚರ್ಚಿನ ಪಕ್ಕದ ಕೆಫೆಯ ಒಡತಿ ಅರ್ಮಾಂದೀನ್ ಗಾಬಾರ್. ಅಂಗಳಕ್ಕೆ ಕುರ್ಚಿ ಹಾಕುತ್ತಿದ್ದವಳು ಒಮ್ಮೆ ತಲೆಯೆತ್ತಿದಳು, ಆಮೇಲೆ ಕೈಯಲ್ಲಿದ್ದ ಕುರ್ಚಿಯನ್ನು ಮೆಲ್ಲಗೆ ನೆಲದ ಮೇಲೆ ಇಟ್ಟಳು. ಅರ್ಮಾಂದೀನ್ ಕುರ್ಚಿ ಎಸೆಯುವುದನ್ನು ಊರೆಲ್ಲ ಕಂಡಿತ್ತು, ಇಡುವುದನ್ನು ಯಾರೂ ಕಂಡಿರಲಿಲ್ಲ. ನನಗೆ ಅನುಮಾನ ಬಂದದ್ದು ಹುಂಜದಿಂದಲ್ಲ, ಆ ಕುರ್ಚಿಯಿಂದ.

"ಹುಂಜ ರಾತ್ರಿ ಜಾಸ್ತಿ ಕುಡಿದಂಗಿದೆ," ಎಂದೆ.

"ಬಾಯ್ ಮುಚ್ಕೊಳಿ ಮೇಷ್ಟ್ರೇ," ಎಂದು ಪಿಸುಗುಟ್ಟಿದಳು. "ಸ್ವಲ್ಪ ಒಳಗ್ ಬನ್ನಿ. ಆದ್ರೆ ಮೇಷ್ಟ್ರಾಗಿ ಬನ್ನಿ. ಗುಮಾಸ್ತನ್ನ ಆಚೇನೇ ಬಿಟ್ಟ್ ಬನ್ನಿ."

ಶಾಲೆ ಬಿಟ್ಟ ಮೇಲೆ ಮೇಯರ್ ಕಚೇರಿಯ ಗುಮಾಸ್ತನೂ ನಾನೇ. ಮೇಷ್ಟ್ರು ಏನನ್ನು ಬೇಕಾದರೂ ಕೇಳಿಸಿಕೊಂಡು ಸುಮ್ಮನಿರಬಹುದು. ಗುಮಾಸ್ತ ಹಾಗಲ್ಲ, ಯಾವ ಮನೆಯಡಿಯ ನೆಲವಾದರೂ ಅಲುಗಿದೆಯೆಂದು ಅವನ ಕಿವಿಗೆ ಬಿದ್ದರೆ ಜಿಲ್ಲಾ ಕಚೇರಿಗೆ ಬರೆಯಬೇಕು. ಅಲ್ಲಿಂದ ಕೆಂಪು ಬಣ್ಣದ ಡಬ್ಬಿ ಹಿಡಿದ ಒಬ್ಬ ಮನುಷ್ಯ ಬರುತ್ತಾನೆ. ಅವನು ಬಾಗಿಲ ಮೇಲೆ ಒಂದು ಗುರುತು ಹಾಕಿದನೆಂದರೆ ಅಂದೇ ಮಂಚ ಹೊರಗೆ. ನೆಲ ಕುಸಿಯುವುದಕ್ಕಿಂತ ಆ ಡಬ್ಬಿಗೆ ನಮ್ಮವರು ಹೆಚ್ಚು ಹೆದರುತ್ತಾರೆ. ನೆಲವಾದರೂ ಒಮ್ಮೊಮ್ಮೆ ಕುಸಿಯದೆ ಇರುತ್ತದೆ.

ನಮ್ಮ ಊರಿನ ಭೂಗೋಳ ಮಕ್ಕಳಿಗೆ ಕಲಿಸಲು ಸುಲಭ. ಮೇಲಿರುವುದೆಲ್ಲ ಕೆಳಗಿನಿಂದ ಬಂದದ್ದು. ಲ್ವಾರ್ ನದಿಯ ದಂಡೆಯ ಈ ಗುಡ್ಡದ ಬಿಳಿ ಕಲ್ಲು ಗರಗಸಕ್ಕೆ ಬೆಣ್ಣೆಯಂತೆ ಸಿಗುತ್ತದೆ, ಗಾಳಿಗೆ ಗಟ್ಟಿಯಾಗುತ್ತದೆ. ಹಾಗಾಗಿ ಮನೆ ಬೇಕಾದವನು ನಿಂತಲ್ಲೇ ಕೆಳಕ್ಕೆ ಅಗೆದು, ತೆಗೆದ ಕಲ್ಲನ್ನು ಆ ಗುಂಡಿಯ ಮೇಲೆಯೇ ಪೇರಿಸಿ, ಅದರೊಳಗೆ ವಾಸಮಾಡುತ್ತ ಬಂದಿದ್ದಾನೆ. ಮನೆ ಎಷ್ಟು ದೊಡ್ಡದೋ ಅಡಿಯ ಟೊಳ್ಳೂ ಅಷ್ಟೇ ದೊಡ್ಡದು. ಚರ್ಚು ಎಲ್ಲಕ್ಕಿಂತ ದೊಡ್ಡ ಕಟ್ಟಡ. ಅದನ್ನು ಕಟ್ಟಿದ ಸನ್ಯಾಸಿಗಳು ಕಲ್ಲು ತೆಗೆಯುತ್ತ ಹೋಗಿ, ಕೊನೆಗೆ ಭಯ ಬಿದ್ದು, ಗೋಪುರದ ನೇರ ಕೆಳಗೆ ಒಂದೇ ಒಂದು ಕಂಬ ಉಳಿಸಿದರು. ನಾಲ್ಕೂ ಕಡೆಯಿಂದ ನಾಲ್ಕು ಮಾರು ಅಗಲ. ಮುಟ್ಟಬಾರದೆಂಬ ಎಚ್ಚರಿಕೆಗೆ ನಾಲ್ಕು ಮುಖಗಳಲ್ಲೂ ಒಂದೊಂದು ಶಿಲುಬೆ ಕೆತ್ತಿದರು. ಕ್ರಾಂತಿಯ ಕಾಲದಲ್ಲಿ ಆ ಟೊಳ್ಳನ್ನು ಹರಾಜು ಹಾಕಿ, ನಡುವೆ ಗೋಡೆ ಎಬ್ಬಿಸಿ, ನಾಲ್ಕು ನೆಲಮಾಳಿಗೆ ಮಾಡಿದರು. ಕಂಬದ ಪೂರ್ವದ ಮುಖ ಕೆಫೆಗೆ, ಪಶ್ಚಿಮದ್ದು ಅಣಬೆ ಬೆಳೆಯುವ ಉರ್ಬೇಂ ತೆಸಿಯೆಗೆ, ದಕ್ಷಿಣದ್ದು ಮೇಯರ್ ತೆಯೋಫೀಲ್ ರಿಪೋಶ್ ಮನೆತನಕ್ಕೆ, ಉತ್ತರದ್ದು ಪಾದ್ರಿಗಳ ಮನೆಗೆ. ನಮ್ಮಲ್ಲಿ ಪಕ್ಕದವರಿಗೆ ಉಯಿಲು ತೋರಿಸಿದವರುಂಟು, ನೆಲಮಾಳಿಗೆ ತೋರಿಸಿದವರಿಲ್ಲ.

ಟೊಳ್ಳಿಲ್ಲದ ಕಟ್ಟಡ ಊರಿಗೆಲ್ಲ ಒಂದೇ, ನಮ್ಮ ಶಾಲೆ. ಅದನ್ನು ಕಟ್ಟಿಸಿದ ಹಿಂದಿನ ಮೇಯರ್, ಗಣರಾಜ್ಯದ ಮಕ್ಕಳು ಪಾದ್ರಿಗಳ ಗುಡ್ಡದ ಕಲ್ಲಿನಡಿ ಓದಕೂಡದೆಂದು ಹಟಹಿಡಿದು, ನದಿಯಾಚೆಯಿಂದ ಇಟ್ಟಿಗೆ ತರಿಸಿದ. ನಾನು ಶಾಲೆಯ ಮಾಳಿಗೆಯಲ್ಲೇ ಇರುವವನು. ನೆಲಮಾಳಿಗೆಯೇ ಇಲ್ಲದವನು ಯಾರಿಗೂ ಪೈಪೋಟಿಯಲ್ಲ. ಅರ್ಮಾಂದೀನ್ ನನ್ನನ್ನು ಕರೆದದ್ದು ಅದಕ್ಕೇ.

ಕೆಳಗಿಳಿಯುವ ಮೆಟ್ಟಿಲು ತಣ್ಣಗೆ ಒದ್ದೆಯಾಗಿತ್ತು. ಆಕೆ ಲಾಂದ್ರ ಎತ್ತಿ ಹಿಡಿದಳು. ಕಂಬದ ಮುಖದಲ್ಲಿ ಒಂದು ಕೋಣೆಯಷ್ಟು ಗೂಡು ಕೊರೆದಿತ್ತು. ಅದರೊಳಗೆ ಬಾಟಲಿಗಳ ಸಾಲು. ಗೂಡಿನ ಹಿಂಗೋಡೆಯಲ್ಲಿ ಒಂದು ಶಿಲುಬೆ. ಎಂಟು ಶತಮಾನ ಕಂಡ ಶಿಲುಬೆಗೆ ಅಷ್ಟು ಚೂಪಾದ ಅಂಚು ಇರುವುದಿಲ್ಲ.

"ಹಳೇ ಶಿಲುಬೆ ಎಲ್ಲಿ?"

"ಕಲ್ಲಿನ್ ಜೊತೆ ಹೋಯ್ತು. ಪಾಪ ಅನ್ನಿಸ್ತು, ಒಳಗಡೆ ಹೊಸಾದ್ ಕೆತ್ತಿಸ್ದೆ."

ನಾನು ತೋಳು ಚಾಚಿ ಗೂಡಿನ ಆಳ ಅಳೆದೆ. ಒಂದೂವರೆ ಮಾರು.

ಶಿಲುಬೆಯ ಪಕ್ಕದಲ್ಲಿ ಕೂದಲೆಳೆಯಂಥ ಒಂದು ಬಿರುಕು; ಅದಕ್ಕೆ ಅಡ್ಡಲಾಗಿ ಒಂದು ಗೇಣು ಗಾರೆಯ ಪಟ್ಟಿ. ಇದಕ್ಕೆ ನಾವು ಸಾಕ್ಷಿ ಎನ್ನುತ್ತೇವೆ. ಗಾರೆಗೆ ಜಗ್ಗುವ ಗುಣವಿಲ್ಲ, ಬಿರುಕು ಅಲುಗಿದರೆ ಪಟ್ಟಿ ಮುರಿಯುತ್ತದೆ. ಈ ಸಾಕ್ಷಿ ಮುರಿದಿತ್ತು. ಗಾರೆ ಇನ್ನೂ ಪೂರ್ತಿ ಒಣಗಿರಲಿಲ್ಲ.

"ಎಷ್ಟ್ ಸಲ ಬದಲಾಯಿಸಿದೀರಿ?"

"ಎಣಿಸಿದ್ರೆ ಭಯ ಆಗುತ್ತೆ ಅಂತ ಎಣಿಸ್ಲೇ ಇಲ್ಲ. ಶ್... ಕೇಳಿ. ಆಕಾಶ ಮಾತಾಡ್ತಿದೆ."

ನಮ್ಮ ಕಲ್ಲುಕುಟಿಗರು ನೆಲದಡಿಯ ಮೇಲ್ಛಾವಣಿಗೆ ಆಕಾಶವೆನ್ನುತ್ತಾರೆ. ನಾನು ಉಸಿರು ಹಿಡಿದೆ. ಪಕ್ಕದ ಕೋಣೆಯಲ್ಲಿ ಯಾರೋ ಸಕ್ಕರೆ ಬಿಲ್ಲೆಯನ್ನು ದವಡೆಯಲ್ಲಿ ಕಡಿದಂತೆ ಒಂದು ಸಣ್ಣ ಸದ್ದು. ಆಮೇಲೆ ಏನಿಲ್ಲ. ಆಮೇಲೆ ಇನ್ನೊಂದು. ನನ್ನ ಮಂಡಿಗಳು ನನ್ನನ್ನು ಕೇಳದೆ ಮೆಟ್ಟಿಲಿನತ್ತ ತಿರುಗಿದವು.

"ಶನಿವಾರ ನಮ್ ಸೋಲಾಂಜ್ ಮದ್ವೆ," ಎಂದಳು ಅರ್ಮಾಂದೀನ್. ಸೋಲಾಂಜ್ ಅವಳ ಒಬ್ಬಳೇ ಮಗಳು. ಹುಡುಗ ಮೇಯರ್ ಮಗ ಲ್ಯುಸಿಯೆಂ. "ಕೆಫೇನೇ ಅವಳ ವರದಕ್ಷಿಣೆ. ಬಾಯ್ ಬಿಟ್ರೆ ಬಾಗಿಲ್ಗೆ ಕೆಂಪು ಬಣ್ಣ. ಕೆಂಪು ಬಣ್ಣದ್ ಮನೆ ಹುಡುಗೀನ ಆ ರಿಪೋಶ್ ಸೊಸೆ ಮಾಡ್ಕೋತಾನಾ? ಬಾಯ್ ಮುಚ್ಕೊಂಡಿದ್ರೆ ಗುರುವಾರ ಮಧ್ಯಾಹ್ನ ಅವ್ಳು ಹೋಗಿ ದೊಡ್ಡ ಗಂಟೆ ತೂಗ್ತಾಳೆ. ಅದೂ ಈ ಗೋಪುರದ್ ಕೆಳಗೇ ನಿಂತ್ಕೊಂಡು. ನೀವ್ ಓದ್ದೋರು, ನೀವೇ ಹೇಳಿ, ನಾನ್ ಯಾವ್ದಕ್ಕ್ ಹೆದರ್ಲಿ?"

ಮದುವೆಯ ವಾರ ಗುರುವಾರದಂದು ಮದುಮಗಳೇ ದೊಡ್ಡ ಗಂಟೆ ತೂಗಿ ಊರನ್ನು ಕರೆಯುವುದು ನಮ್ಮಲ್ಲಿ ಪದ್ಧತಿ. ಉಳಿದ ದಿನ ಪಾದ್ರಿಗಳು ಸಣ್ಣ ಗಂಟೆಗೆ ಸುತ್ತಿಗೆಯಿಂದ ತಟ್ಟಿ ಮುಗಿಸುತ್ತಾರೆ. ದೊಡ್ಡ ಗಂಟೆ ತೂಗಿದರೆ ಗೋಪುರವೇ ತುಸು ತೂಗುತ್ತದೆ. ಮಕ್ಕಳು ಗೋಡೆಗೆ ಬೆನ್ನು ಕೊಟ್ಟು ಅದನ್ನು ಅನುಭವಿಸಿ ನಗುವುದುಂಟು.

"ಉಳಿದ್ ಮೂರ್ ಕಡೆ ಗಟ್ಟಿಯಾಗಿದೆ ಬಿಡಿ," ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡಳು. "ಮೇಯರ್ ಜಿಪುಣ, ಕಲ್ಲೂ ಖರ್ಚ್ ಮಾಡಲ್ಲ. ಪಾದ್ರಿಗಳಿಗೆ ದೇವರ ಭಯ. ಉರ್ಬೇಂ ಸೋಮಾರಿ. ಯಾರ್ಗೂ ಹೇಳಲ್ಲ ಅಂತ ಸೋಲಾಂಜ್ ಮೇಲೆ ಆಣೆ ಮಾಡಿ."

ಮಾಡಿದೆ. ಆ ಹೊತ್ತಿಗೆ ಮೆಟ್ಟಿಲು ಹತ್ತಲು ಬಿಡುವುದಾದರೆ ಪೋಪ್ ಮೇಲೂ ಆಣೆ ಮಾಡುತ್ತಿದ್ದೆ.

ಮರುದಿನ ಮೇಯರ್ ರಿಪೋಶ್ ಕಚೇರಿಯ ಬಾಗಿಲು ಹಾಕಿಕೊಂಡು ನನ್ನ ತೋಳು ಹಿಡಿದ. ಸಭೆಗಳಲ್ಲಿ ಮೇಜು ಗುದ್ದಿ ಮಾತಾಡುವ ಆಸಾಮಿ ಅಂದು ಮೇಜನ್ನು ಮುಟ್ಟಲೂ ಇಲ್ಲ.

"ಮೇಷ್ಟ್ರೇ, ಒಂದ್ ಗಳಿಗೆ ಗುಮಾಸ್ತನ್ ಟೋಪಿ ತೆಗ್ದಿಡಿ. ನಮ್ ಮನೆ ಕೆಳಗಡೆ ಹೋಗೋಣ."

ಅಲ್ಲೂ ಒಂದು ಗೂಡು. ಲ್ಯುಸಿಯೆಂ ಹುಟ್ಟಿದ ವರ್ಷದ ವೈನ್ ಪೀಪಾಯಿಯನ್ನು ಅವನ ಮದುವೆಗೆಂದು ಇಡಲು ಕೊರೆದದ್ದಂತೆ. ಪೀಪಾಯಿ ಒಂದಾದರೂ ಗೂಡು ನಾಲ್ಕು ಪೀಪಾಯಿಯದು. ಆಳ ಒಂದೂವರೆ ಮಾರು. ಹಿಂದೆ ಹೊಚ್ಚಹೊಸ ಶಿಲುಬೆ, ದೇವರನ್ನೇ ನಂಬದ ಮೇಯರ್ ಸ್ವಂತ ಕೈಯಿಂದ ಕೆತ್ತಿದ್ದು. ಪಕ್ಕದಲ್ಲಿ ಮುರಿದ ಸಾಕ್ಷಿ.

"ಬೀಗಿತ್ತಿಗೆ ಗೊತ್ತಾದ್ರೆ ಮದ್ವೆ ಮುರ್ಕೋತಾಳೆ, ಗಯ್ಯಾಳಿ ಅವ್ಳು," ಎಂದ. "ಆದ್ರೂ ಉಳಿದ್ ಮೂರ್ ಕಡೆ ಗಟ್ಟಿ ಇದೆಯಲ್ಲ, ಅದೊಂದ್ ಧೈರ್ಯ."

ನಾನು ತಲೆಯಾಡಿಸಿ, ಅಲ್ಲೂ ಆಣೆ ಮಾಡಿದೆ.

ಅದೇ ಸಂಜೆ ಪಾದ್ರಿ ಕ್ಲೊವಿಸ್ ಬೇಲಿಯ ಬಳಿ ಕಾದಿದ್ದರು. ಶಾಲೆಯವನ ಜೊತೆ ಅವರು ಮಾತಾಡಿ ವರ್ಷಗಳಾಗಿದ್ದವು.

"ಜನರ ಪಾಪ ಕೇಳೋದು ನನ್ನ ಕೆಲಸ," ಎಂದರು. "ಇವತ್ತು ನನ್ನದನ್ನ ನೀವು ಕೇಳ್ಬೇಕು. ದೇವರನ್ನ ನಂಬದೋರು ಅದನ್ನ ಮೇಲಿನವರಿಗೆ ವರದಿ ಮಾಡಲ್ಲ ಅನ್ನೋದೊಂದು ಅನುಕೂಲ."

ಯುದ್ಧಕಾಲದಲ್ಲಿ ಜರ್ಮನರಿಂದ ಚರ್ಚಿನ ಬೆಳ್ಳಿ ಬಚ್ಚಿಡಲು ಉತ್ತರದ ಮುಖದಲ್ಲಿ ಒಂದು ಮೊಳ ಕೊರೆದಿದ್ದರು. ಯುದ್ಧ ಮುಗಿದು ಬೆಳ್ಳಿ ಮೇಲೆ ಹೋಯಿತು. ಆಮೇಲೆ ಗೂಡು ತಾನಾಗಿ ಬೆಳೆಯಿತು. ವೈನ್ ಬಾಟಲಿಗಳು ಅದನ್ನು ಹೇಗೆ ಬೆಳೆಸಿದವೆಂದು ಅವರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಅವರ ನೆಲಮಾಳಿಗೆಗೆ ಇಳಿದು ತೋಳು ಚಾಚಿದೆ. ಒಂದೂವರೆ ಮಾರು.

ದಕ್ಷಿಣದಿಂದ ಒಂದೂವರೆ, ಉತ್ತರದಿಂದ ಒಂದೂವರೆ. ನಾಲ್ಕರಲ್ಲಿ ಮೂರು ಹೋದರೆ? ನನ್ನ ಎರಡನೇ ತರಗತಿಯ ದಡ್ಡನೂ ಹೇಳುವ ಲೆಕ್ಕ. ನಾನು ಅದನ್ನು ಎರಡು ಸಲ ಮಾಡಿದೆ, ಬೇರೆ ಉತ್ತರ ಬರಬಹುದೇನೋ ಎಂದು. ಪಾದ್ರಿಗಳು ಹೇಳುತ್ತಿದ್ದರು: "ಉಳಿದ ಮೂರು ಕಡೆ ಭದ್ರವಾಗಿದೆ, ದೇವರು ದೊಡ್ಡವನು." ತಲೆಯ ಮೇಲೆ ಯಾರೋ ಸಕ್ಕರೆ ಕಡಿದರು. ನನ್ನ ಕುತ್ತಿಗೆಪಟ್ಟಿಯೊಳಗೆ ತಣ್ಣನೆಯ ಪುಡಿ ಉದುರಿತು.

ಉರ್ಬೇಂ ತೆಸಿಯೆ ನನ್ನನ್ನು ಕರೆಯಲಿಲ್ಲ. ನಾನೇ ಬುಧವಾರ ಅವನಲ್ಲಿಗೆ ಅಣಬೆ ಕೊಳ್ಳುವ ನೆಪದಲ್ಲಿ ಹೋದೆ. ಕುದುರೆ ಲದ್ದಿಯ ವಾಸನೆಯ ನಡುವೆ ಅವನು ಟೋಪಿ ಹಿಂಡುತ್ತ ನಿಂತಿದ್ದ. ಕಂಬದೊಳಗೆ ಒಂದೂವರೆ ಮಾರು ಆಳಕ್ಕೆ ಅಚ್ಚುಕಟ್ಟಾದ ಒಂದು ಅಣಬೆ ಮಡಿ. ಅದರ ತಲೆಗೆ ಒಂದು ಹೊಸ ಶಿಲುಬೆ.

"ನಾನ್ ಒಬ್ನೇ ಸ್ವಲ್ಪ ತೆಗ್ದಿದ್ದು ಮೇಷ್ಟ್ರೇ. ಒಬ್ಬ ತೆಗೆದ್ರೆ ಬೀಳುತ್ತಾ?"

"ಒಬ್ಬ ತೆಗೆದ್ರೆ ಬೀಳಲ್ಲ," ಎಂದೆ. ನಿಜವೇ.

ಅಲ್ಲಿಗೆ ನಾಲ್ಕೂ ಮುಖಗಳನ್ನು ನೋಡಿದ ಏಕೈಕ ಪ್ರಾಣಿ ನಾನಾದೆ. ನಾಲ್ಕು ಮಾರಿನ ಕಂಬದ ನಡುವೆ ಉಳಿದದ್ದು ಅತ್ತ ಒಂದು ಮಾರು, ಇತ್ತ ಒಂದು ಮಾರು. ಒಬ್ಬರು ತೋಳು ಚಾಚಿದಷ್ಟು ಅಗಲದ ಕಲ್ಲು, ಅದರ ಮೇಲೆ ಎಂಟು ಶತಮಾನ. ಆ ದಿನ ಚೌಕವನ್ನು ದಾಟುವಾಗ ನಾನು ತುದಿಗಾಲಲ್ಲಿ ನಡೆದೆ. ನೋಡಿದರೆ ಎದುರಿನಿಂದ ಮೇಯರ್ ಕೂಡ ತುದಿಗಾಲಲ್ಲಿ ಬರುತ್ತಿದ್ದ. ಅರ್ಮಾಂದೀನ್ ಬಾಗಿಲಿಗೆ ಬಟ್ಟೆ ಸುತ್ತಿದ್ದಳು. ಯಾರೂ ಯಾರನ್ನೂ ಏಕೆಂದು ಕೇಳಲಿಲ್ಲ. ಕಾರಣ ತಿಳಿಯದ ಕಟುಕ ಕೂಡ, ನೋಡಿ ಕಲಿತು, ಅರ್ಧ ಕರುವನ್ನು ಗಾಡಿಯಿಂದ ಹಸುಗೂಸಿನಂತೆ ಇಳಿಸಿದ.

ಹೇಳಿಬಿಡೋಣವೆಂದರೆ ನಾಲ್ವರಿಗೂ ಮಾಡಿಕೊಟ್ಟ ನಾಲ್ಕು ಆಣೆ. ಆಣೆ ಮುರಿದರೂ ಲಾಭವಿರಲಿಲ್ಲ. ಇವನು ಅವನನ್ನು ಕಳ್ಳನೆನ್ನುತ್ತಾನೆ, ಅವಳು ಇವನನ್ನು ಸುಳ್ಳನೆನ್ನುತ್ತಾಳೆ, ಅಷ್ಟರಲ್ಲಿ ಗುರುವಾರ ಬರುತ್ತದೆ. ಅವರೇ ಹೇಳಬೇಕು, ಆದರೆ ಬಾಯಿಂದಲ್ಲ.

ಗುರುವಾರ ಶಾಲೆಗೆ ರಜೆ. ಮೆರವಣಿಗೆಯ ಸಾಲು ನಿರ್ಧರಿಸಲೆಂದು ಹೇಳಿ ನಾಲ್ವರನ್ನೂ ಬೆಳಿಗ್ಗೆ ತರಗತಿಗೆ ಕರೆದೆ. ಪಾದ್ರಿಗಳು ಆ ಹೊಸ್ತಿಲು ದಾಟಿದ್ದು ಜೀವಮಾನದಲ್ಲಿ ಅದೇ ಮೊದಲು. ಗೋಡೆಯ ಮೇಲಿನ ಗಣರಾಜ್ಯದೇವಿಯ ಪ್ರತಿಮೆಯನ್ನು ಕಂಡು, ಪರಸ್ತ್ರೀಯೆದುರು ನಿಂತವರಂತೆ ಕಣ್ಣು ತಗ್ಗಿಸಿದರು.

ಮೇಜಿನ ನಡುವೆ ಉರ್ಬೇಂ ಹೆಂಡತಿ ಮಾಡುವ ಮೇಕೆ ಹಾಲಿನ ಚೀಸ್ ಒಂದನ್ನು ನೆಟ್ಟಗೆ ನಿಲ್ಲಿಸಿದ್ದೆ. ಉರುಳೆಯಂಥ ಚೀಸ್, ನಾಲ್ಕು ಬೆರಳು ದಪ್ಪ; ಎತ್ತುವಾಗ ಮುರಿಯದಿರಲೆಂದು ಅದರ ನಡುವೆ ಉದ್ದಕ್ಕೂ ಒಂದು ಹುಲ್ಲುಕಡ್ಡಿ ಇರುತ್ತದೆ. ತಲೆಯ ಮೇಲೆ ಸಕ್ಕರೆ ಬಿಲ್ಲೆಗಳನ್ನು ಗೋಪುರದಂತೆ ಜೋಡಿಸಿದ್ದೆ. ಮಕ್ಕಳ ನಾಲ್ಕು ಸ್ಲೇಟುಗಳು ಚೀಸಿನಿಂದ ನಾಲ್ಕು ದಿಕ್ಕಿಗೆ ಗೋಡೆಯಾಗಿ ನಿಂತಿದ್ದವು. ಪ್ರತಿಯೊಬ್ಬರೂ ನಾನು ಕೊಟ್ಟ ಒಂದೊಂದು ಚಾಕು ಹಿಡಿದು ತಮ್ಮ ತಮ್ಮ ಮೂಲೆಯಲ್ಲಿ ಕೂತರು. ತಮ್ಮ ಮುಖವಲ್ಲದೆ ಬೇರೇನೂ ಕಾಣದು.

"ಇದೇನ್ರೀ, ಮೆರವಣಿಗೆ ಇದಾ?" ಎಂದಳು ಅರ್ಮಾಂದೀನ್.

"ಕಂಬ," ಎಂದೆ. ಯಾರೂ ನಗಲಿಲ್ಲ. "ಒಂದ್ ಮಾರಿಗೆ ಒಂದ್ ಬೆರಳು. ನಿಮ್ಮ ಕಡೆಯಿಂದ ಏನಾದ್ರೂ ತೆಗ್ದಿದ್ರೆ ಅಷ್ಟೇ ತೆಗೀರಿ. ತೆಗ್ದಿಲ್ಲಾಂದ್ರೆ ಚಾಕು ಕೆಳಗಿಡಿ. ಗುಮಾಸ್ತ ಊರಲ್ಲಿಲ್ಲ."

ಮೇಯರ್ ಎದ್ದು ಗಣರಾಜ್ಯದ ಘನತೆ, ಖಾಸಗಿ ಆಸ್ತಿಯ ಪಾವಿತ್ರ್ಯ ಇತ್ಯಾದಿ ಭಾಷಣ ಶುರುಮಾಡಿದ. ಅದು ಅವನ ಉಳಿದ ಭಾಷಣಗಳಷ್ಟೇ ಉದ್ದವಾಗಿತ್ತು. ಗೋಡೆಯ ಗಡಿಯಾರ ನೋಡಿ ನನಗೆ ಬೆವರು. ಕೊನೆಗೆ ಪಾದ್ರಿಗಳೇ, "ಕೂತ್ಕೊಳಯ್ಯಾ ತೆಯೋಫೀಲ್, ಸತ್ತ ಮೇಲೆ ಹೇಗೂ ಕೇಳ್ತೀವಿ," ಎಂದರು. ಮೇಯರ್ ಕೂತ.

ಒಂದು ಚಾಕು ಮೆಲ್ಲಗೆ ಸದ್ದು ಮಾಡಿತು. ಯಾರದೆಂದು ನನಗೆ ಕಾಣುತ್ತಿತ್ತು, ಅವರಿಗಿಲ್ಲ. ಆಮೇಲೆ ಇನ್ನೊಂದು. ಅರ್ಮಾಂದೀನ್ ತನ್ನದನ್ನು ಮುಗಿಸಿ ಚಾಕು ಇಟ್ಟಳು. ಆದರೂ ಚಾಕಿನ ಸದ್ದು ನಿಲ್ಲಲಿಲ್ಲ. ಅವಳ ಮುಖದ ಬಣ್ಣ ಚೀಸಿನ ಬಣ್ಣಕ್ಕೆ ಬಂತು. ಮೇಯರ್ ಕತ್ತರಿಸುತ್ತ ಕತ್ತರಿಸುತ್ತ ಅರ್ಧಕ್ಕೆ ಕೈ ನಿಲ್ಲಿಸಿ ಕಿವಿಗೊಟ್ಟ. ಎದುರಿನಿಂದ ಸದ್ದು. ಎಡದಿಂದ ಸದ್ದು.

"ಯಾರದು?" ಎಂದ.

ಉರ್ಬೇಂ ಕೊನೆಯ ಚೂರನ್ನು ತೆಗೆದು, ಅಭ್ಯಾಸಬಲದಿಂದ ಬಾಯಿಗೆ ಹಾಕಿಕೊಂಡ.

ನಾನು ಸ್ಲೇಟುಗಳನ್ನು ಒಂದೊಂದಾಗಿ ತೆಗೆದೆ. ಚೀಸಿಗೆ ಸೊಂಟವೇ ಇರಲಿಲ್ಲ. ಬೆರಳಿನಷ್ಟು ಉಳಿದಿದ್ದ ನಡುವೂ ನಮ್ಮ ಕಣ್ಣೆದುರೇ ಪುಡಿಯಾಗಿ ಉದುರಿ ಹೋಗಿ, ಇಡೀ ಭಾರ ಹುಲ್ಲುಕಡ್ಡಿಯ ಮೇಲೆ ಬಂತು. ಸಕ್ಕರೆಯ ಗೋಪುರ ಎಡಕ್ಕೆ ವಾಲಿ, ಬೀಳದೆ ನಿಂತಿತು. ನಾಲ್ವರೂ ಅದನ್ನು ನೋಡಿದರು. ಆಮೇಲೆ ಒಬ್ಬರ ಮುಖ ಒಬ್ಬರು ನೋಡಿದರು.

"ಕಂಬದೊಳಗೆ ಕಡ್ಡಿ ಇದೆಯಾ ಮೇಷ್ಟ್ರೇ?" ಎಂದ ಉರ್ಬೇಂ.

"ಇಲ್ಲ."

ಅರ್ಮಾಂದೀನ್ ಎದ್ದು ನಿಂತಳು. "ಬೀಗರೇ, ನಿಮ್ ಮಗನ್ನ ನೀವೇ ಇಟ್ಕೊಳ್ಳಿ. ಕೆಫೆಗ್ ಕೆಂಪು ಬಣ್ಣ ಬಳೀಲಿ, ಬೇಕಾದ್ರೆ ನನ್ ಮುಖಕ್ಕೂ ಬಳೀಲಿ. ನನ್ ಮಗಳು ಆ ಗಂಟೆ ಮುಟ್ಟಲ್ಲ."

"ನನ್ ಮಗ ಏನ್ ವಾಪಸ್ ಕೊಡೋ ಬಾಟ್ಲೀನಾ?" ಎಂದು ಮೇಯರ್ ಗುಡುಗಲು ಹೋಗಿ, ಗುಡುಗುವುದು ಕ್ಷೇಮವಲ್ಲವೆಂದು ನೆನಪಾಗಿ ಪಿಸುಗುಟ್ಟಿದ. "ಮದ್ವೆ ಇದೆ. ಗಂಟೆ ಇಲ್ಲ. ಸ್ವಾಮಿ, ಗೋಪುರದ್ ಬೀಗದಕೈ ಕೊಡಿ."

ಪಾದ್ರಿಗಳು ನಿಲುವಂಗಿಯ ಜೇಬು ತಡಕಿದರು. ಆಮೇಲೆ ತಡಕುವುದನ್ನು ನಿಲ್ಲಿಸಿದರು.

"ಬರೋವಾಗ ದಾರೀಲಿ ಸೋಲಾಂಜ್ ಸಿಕ್ಲು," ಎಂದರು. "ಸ್ವಲ್ಪ ಬೇಗ ಹೋಗಿ ಹೂ ಕಟ್ತೀನಿ ಅಂತ ಇಸ್ಕೊಂಡ್ಲು."

ಕುರ್ಚಿ ಉರುಳಿದ ಸದ್ದು ನನಗೆ ನೆನಪಿದೆ, ಯಾರದ್ದೆಂದು ನೆನಪಿಲ್ಲ. ಶಾಲೆಯಿಂದ ಚರ್ಚಿಗೆ ಚೌಕ ದಾಟಬೇಕು. ಚೌಕದ ಅಡಿ ಇಡೀ ಟೊಳ್ಳು. ಓಡಬೇಕು, ಆದರೆ ನೆಲ ತುಳಿಯಬಾರದು. ಅರ್ಮಾಂದೀನ್ ಬೂಟು ಕಿತ್ತೆಸೆದು ಬರಿಗಾಲಲ್ಲಿ ಮುಂದೆ, ಹಿಂದೆ ನಿಲುವಂಗಿಯನ್ನು ಮೊಣಕಾಲಿಗೆ ಎತ್ತಿಕೊಂಡ ಪಾದ್ರಿಗಳು, ಅವರ ಹಿಂದೆ ಬಾಯಿಗೆ ಟೋಪಿ ತುರುಕಿಕೊಂಡ ಉರ್ಬೇಂ, ಮೇಯರ್, ನಾನು. ಊರಿನ ಗಣ್ಯರೆಲ್ಲ ಹಾಡುಹಗಲಲ್ಲಿ ತುದಿಗಾಲಲ್ಲಿ ಓಡುವುದನ್ನು ಕಟುಕ ಅಂಗಡಿಯ ಬಾಗಿಲಲ್ಲಿ ನಿಂತು ನೋಡಿದ. ಕೂಗಿ ಅವಳನ್ನು ತಡೆಯೋಣವೆಂದು ಬಾಯಿ ತೆರೆದವರು ಮುಚ್ಚಿಕೊಂಡರು. ಕೂಗಿಗೆ ಕಂಬ ಬೀಳುತ್ತದೆಯೇ? ಬೀಳುವುದಿಲ್ಲ. ಆದರೆ ಆಗ ಆ ಭರವಸೆ ಯಾರಿಗೂ ಇರಲಿಲ್ಲ.

ಸೋಲಾಂಜ್ ಹಗ್ಗ ಹಿಡಿದಿದ್ದಳು. ದೊಡ್ಡ ಗಂಟೆ ಒಂದೇ ಎಳೆತಕ್ಕೆ ದನಿ ಮಾಡುವುದಿಲ್ಲ. ಮೊದಲು ತೂಗಿಸಬೇಕು, ಆಮೇಲೆ ಅದು ತಾನಾಗಿ ಮಾತಾಡುತ್ತದೆ. ಅವಳು ಆಗಲೇ ಮೂರ್ನಾಲ್ಕು ಸಲ ಎಳೆದಿದ್ದಳು. ಮೇಲೆ ಮರದ ತೊಲೆ ನರಳುತ್ತಿತ್ತು. ಗೋಪುರ ಮೆಲ್ಲಗೆ ಆಚೆ ಹೋಗಿ ಮೆಲ್ಲಗೆ ಈಚೆ ಬಂತು. ನಾನು ಗೋಡೆಗೆ ಬೆನ್ನು ಕೊಟ್ಟಿದ್ದೆ. ಮಕ್ಕಳು ಅದಕ್ಕೆ ಏಕೆ ನಗುತ್ತಾರೋ ತಿಳಿಯಲಿಲ್ಲ.

"ಅಮ್ಮಾ, ಯಾಕ್ ಬರಿಗಾಲಲ್ಲಿ..."

ಅರ್ಮಾಂದೀನ್ ಉತ್ತರಿಸದೆ ಹಗ್ಗಕ್ಕೆ ಜೋತುಬಿದ್ದಳು. ಆಕೆ ಸಣ್ಣ ಹೆಂಗಸಲ್ಲ. ಗಂಟೆ ಅವಳನ್ನು ನೆಲದಿಂದ ಮೇಲೆತ್ತಿತು, ಇಳಿಸಿತು, ಮತ್ತೆ ಎತ್ತಿತು. ಮೇಯರ್ ಹೋಗಿ ಬೀಗಿತ್ತಿಯ ಸೊಂಟ ಹಿಡಿದ. ಪಾದ್ರಿಗಳು ಮೇಯರ್ ಸೊಂಟ ಹಿಡಿದರು. ಹೀಗೆ ಮೂವರೂ ಒಟ್ಟಿಗೆ ಏರಿ ಇಳಿದು, ಪ್ರತಿ ಸಲ ಸ್ವಲ್ಪ ಕಡಿಮೆ ಏರಿ, ಕೊನೆಗೆ ನಿಂತರು. ಗಂಟೆ ದನಿಯೆತ್ತಲಿಲ್ಲ.

ಆ ಮೌನದಲ್ಲಿ ನಮ್ಮ ಪಾದದಡಿ ಏನೋ ಕಡಿಯಿತು. ಈ ಸಲ ಸಕ್ಕರೆ ಬಿಲ್ಲೆಯಲ್ಲ, ಎಲುಬು. ಒಳಗೋಡೆಯ ಮೇಲಿನಿಂದ ಕೆಳಗಿನವರೆಗೆ ಬಿಳಿ ಪುಡಿ ತೆಳ್ಳಗೆ ಸುರಿಯಿತು. ನಾವು ಆರು ಜನ ಉಸಿರಾಡದೆ ನಿಂತಿದ್ದೆವು. ಪುಡಿ ನಿಂತಿತು. ಒಬ್ಬರ ಹಿಂದೊಬ್ಬರು, ಮಲಗಿದ ಕೂಸಿರುವ ಕೋಣೆಯಿಂದ ಹೊರಬರುವವರಂತೆ ಹೊರಬಂದೆವು. ಪಾದ್ರಿಗಳು ಬಾಗಿಲನ್ನು ಮುಚ್ಚದೆ, ಮುಚ್ಚಿದಂತೆ ಇಟ್ಟರು.

ಆ ಮಧ್ಯಾಹ್ನ ನಾಲ್ಕು ನೆಲಮಾಳಿಗೆಗಳ ನಡುವಿನ ಗೋಡೆಗಳನ್ನು ಕೈಗರಗಸದಿಂದ ಸದ್ದಿಲ್ಲದೆ ಕೊಯ್ದರು. ಕ್ರಾಂತಿಯ ನಂತರ ಮೊದಲ ಸಲ ನಾಲ್ಕು ಮನೆಯವರು ಕಂಬದ ಸುತ್ತ ಒಟ್ಟಿಗೆ ನಿಂತು, ನಾಲ್ಕು ಹೊಸ ಶಿಲುಬೆಗಳನ್ನು ನೋಡಿದರು. ಅರ್ಮಾಂದೀನ್ ಕಂಬಕ್ಕೆ ಎದೆಯಾನಿಸಿ ಎರಡೂ ತೋಳು ಚಾಚಿ ನೋಡಿದಳು. ಬೆರಳುಗಳು ಎರಡೂ ಅಂಚು ಮುಟ್ಟಲು ಇಷ್ಟೇ ಬಾಕಿ.

"ನಿಮ್ ಗೂಡು ನಮ್ದಕ್ಕಿಂತ ದೊಡ್ಡದಿದೆ ಬೀಗರೇ," ಎಂದಳು.

"ನಿಮ್ ಶಿಲುಬೆ ಸೊಟ್ಟಗಿದೆ," ಎಂದ ಮೇಯರ್.

ಓಕ್ ಮರದ ದಿಮ್ಮಿಗಳನ್ನು ಆಸರೆಗೆ ನಿಲ್ಲಿಸಿದರು. ಗೂಡುಗಳನ್ನು ಮತ್ತೆ ಕಲ್ಲಿನಿಂದ ತುಂಬಬೇಕೆಂದು ಗ್ರಾಮಸಭೆ ತೀರ್ಮಾನಿಸಿತು. ಕಲ್ಲು ಎಲ್ಲಿಂದ? ಹೊರಗಿನಿಂದ ಗಾಡಿಯಲ್ಲಿ ತರಿಸಿದರೆ ಏಕೆ, ಏನು ಎಂದು ಜಿಲ್ಲಾ ಕಚೇರಿ ಕೇಳುತ್ತದೆ, ಡಬ್ಬಿ ಬರುತ್ತದೆ. ಗುಡ್ಡದಲ್ಲಿ ಟೊಳ್ಳಾಗದ ಜಾಗ ಹುಡುಕಿದರು. ಒಂದೇ ಸಿಕ್ಕಿತು. ಸಭೆಯಲ್ಲಿ ಎಲ್ಲರೂ ಕೈ ಎತ್ತಿದರು. ಗುಮಾಸ್ತ ಅದನ್ನು ಬರೆದುಕೊಂಡ. ಮೇಷ್ಟ್ರ ಅಭಿಪ್ರಾಯ ಯಾರೂ ಕೇಳಲಿಲ್ಲ.

ಮದುವೆ ದ್ರಾಕ್ಷಿ ಕೊಯ್ಲಾದ ಮೇಲೆ ನಡೆಯಿತು. ದೊಡ್ಡ ಗಂಟೆಯನ್ನು ತೂಗಲಿಲ್ಲ, ಸುತ್ತಿಗೆಯಿಂದ ತಟ್ಟಿದರು. ಚರ್ಚು ನಿಂತಿದೆ, ಹುಂಜ ವಾಲಿಯೇ ಇದೆ. ಕಂಬಕ್ಕೆ ಬೇಕಾದ ಕಲ್ಲನ್ನು ಶಾಲೆಯ ಕೆಳಗಿನಿಂದ ತೆಗೆದರು.